ಎರಡು ಪಂಚೆ, ನಡುವೆ ಹೊಲಿಗೆ

ಶನಿವಾರ ಬಟವಾಡೆ ಮುಗಿದ ಮೇಲೆ
ಶುಂಠಿ ಕಣದ ಗೋಡೆಗೆ ಬಿಳಿ ಪಂಚೆ ಬಿಗಿಯುತ್ತಾರೆ.
ಎರಡು ಪಂಚೆ, ನಡುವೆ ಹೊಲಿಗೆ;
ಹಾಗಾಗಿ ಎಲ್ಲ ಸಿನಿಮಾದಲ್ಲೂ
ನಾಯಕನ ಮೂಗಿನ ಮೇಲೆ ಒಂದು ಗೆರೆ.

ರಿಪ್ಪನ್‌ಪೇಟೆಯಿಂದ ಎರಡು ಮೈಲಿ ಈಚೆ
ಔಸೇಪಣ್ಣನ ಕಣ.
ಅವನಪ್ಪ ಗಾಡಿ ಇಳಿದಾಗ
ಕೈಯಲ್ಲಿ ಒಂದು ಕತ್ತಿ,
ಹೆಗಲ ಮೇಲೆ ಮರಗೆಣಸಿನ ಕಡ್ಡಿಗಳ ಕಟ್ಟು,
ಬಾಯಲ್ಲಿ ಒಂದೂ ಕನ್ನಡ ಪದ ಇರಲಿಲ್ಲವಂತೆ.
ಈಗ ಔಸೇಪಣ್ಣ ಬೈಯುವುದು ಅಚ್ಚ ಹೊಸನಗರದ ಕನ್ನಡದಲ್ಲಿ;
ಪ್ರಾರ್ಥನೆ ಮತ್ತು ಸಿನಿಮಾ ಮಾತ್ರ ಮಲಯಾಳದಲ್ಲಿ.

ಮನೆಯವರಿಗೆ ಪ್ಲಾಸ್ಟಿಕ್ ಕುರ್ಚಿ.
ಶುಂಠಿ ತೊಳೆಯುವ ನಾವು ಒಂಬತ್ತು ಹೆಂಗಸರು
ಖಾಲಿ ಚೀಲದ ಮೇಲೆ, ಉಗುರ ಸಂದಿಯಲ್ಲಿ ಇನ್ನೂ ಮಣ್ಣು.
ಯಾರೂ ಹೇಳಿದ್ದಲ್ಲ, ಹಾಗೇ ಕೂರುತ್ತೇವೆ.
ಮೊಮ್ಮಗ ಸಿಬಿ ನಡುವೆ ನಿಂತು
ಅವರ ಮಾತು ನಮಗೆ ದಾಟಿಸುತ್ತಾನೆ:
‘ಅವಳು ಹೇಳ್ತಾಳೆ, ಚೀಟಿ ದುಡ್ಡು ಕಟ್ಟಿದ್ಯಾ?
ಇವನು ಹೇಳ್ತಾನೆ, ನಾಳೆ.
ಅವಳು ಹೇಳ್ತಾಳೆ, ನಿನ್ನ ನಾಳೆಗೆ ಹನ್ನೆರಡು ವರ್ಷ ಆಯ್ತು.’

ಮೊದಮೊದಲು ಬಂಗಾರಿಗೆ ಬೇಜಾರು:
‘ಇದೆಂಥ ಸಿನಿಮಾ ಮಾರಾಯ್ತಿ,
ಹೀರೋಗೆ ಹೊಟ್ಟೆ ಇದೆ, ಕೆಮ್ಮು ಇದೆ,
ಅರ್ಧ ಗಂಟೆಯಿಂದ ಒಂದು ಬೇಲಿಗೂಟಕ್ಕೆ ಜಗಳ ಆಡ್ತಿದಾನೆ.
ಇದನ್ನ ನೋಡೋಕೆ ನಮ್ಮ ಕೇರಿ ಸಾಲದಾ?’
ಸಾಲದು ಅನ್ನಿಸಿತು ನನಗೆ.
ಕೇರಿಯಲ್ಲಿ ಜಗಳ ಆಡುವಾಗ
ನಮ್ಮ ಮುಖ ನಮಗೆ ಕಾಣುವುದಿಲ್ಲ.

ಮರಿಯಕುಟ್ಟಿ ಅಜ್ಜಿ ನೋಡುವುದೇ ಬೇರೆ.
ಕಥೆಯಲ್ಲ; ಮಾತಾಡುವವರ ಬೆನ್ನ ಹಿಂದಿನ ಹೊಳೆ,
ಬಾಗಿಲಿಗೆ ಒರಗಿಸಿಟ್ಟ ಕೊಡೆ, ಮೀನು ಹೆಚ್ಚುವ ಹಲಗೆ.
ಒಮ್ಮೆ ದೋಣಿಯವನೊಬ್ಬ ಸುಮ್ಮನೆ ಅಂದ ಹಳೇ ಪದಕ್ಕೆ
‘ಇದನ್ನ ಕೇಳಿ ಐವತ್ತು ವರ್ಷ’ ಎಂದು
ಕುರ್ಚಿಯ ಕೈ ಸವರಿದಳು.
ಮಗನಿಗೆ ಅದರ ಅರ್ಥ ಗೊತ್ತಿರಲಿಲ್ಲ.

ಆ ಶನಿವಾರದ ಸಿನಿಮಾದಲ್ಲಿ
ದೊಡ್ಡ ಮನೆ, ಹಿತ್ತಿಲು, ಗದ್ದೆ ಕೆಲಸದ ಹುಡುಗಿ.
ಒಡತಿ ಎತ್ತರದಿಂದ ಚಹಾ ಸುರಿದಳು.
ಕೆಳಗೆ ಕರಟ.
ಹುಡುಗಿ ಕುಡಿದು, ತೊಳೆದು, ಬೇಲಿಗೂಟಕ್ಕೆ ಕವುಚಿದಳು.
ಆಗ ಒಡತಿ ಒಂದು ಮಾತಂದಳು.

ಸಿಬಿ ದಾಟಿಸಲಿಲ್ಲ.
ಎಂಜಲು ನುಂಗಿದ, ಚಪ್ಪಲಿ ನೋಡಿಕೊಂಡ.
‘ಅದು… ಏನಿಲ್ಲ, ಬೈತಾಳೆ ಅಷ್ಟೆ.’

ಆ ಮಾತು ನಮಗೆ ಬರುತ್ತದಪ್ಪ ಸಿಬಿ.
ಘಟ್ಟದ ಆ ತುದಿಗೂ ಈ ತುದಿಗೂ
ಅದೊಂದಕ್ಕೆ ಒಂದೇ ರಾಗ.
ನನ್ನವ್ವ ಚೌಡಮ್ಮ ಅದನ್ನು ಯಾರದೋ ಹಿತ್ತಿಲಲ್ಲಿ ಕೇಳಿ ಬಂದು
ರಾತ್ರಿ ರೊಟ್ಟಿಯನ್ನು
ಬೇಕಾದ್ದಕ್ಕಿಂತ ಜೋರಾಗಿ ತಟ್ಟುತ್ತಿದ್ದಳು.

ಅಜ್ಜಿ ಕೋಲಿನಿಂದ ಮೊಮ್ಮಗನ ಕಾಲಿಗೆ ಕುಟ್ಟಿದಳು:
‘ಹೇಳು. ಆಡಿದವರೂ ನಮ್ಮೋರೇ,
ತೆಗೆದು ತೋರಿಸಿದವರೂ ನಮ್ಮೋರೇ.
ಮುಚ್ಚೋಕೆ ನೀನ್ಯಾರು?’
ಹೇಳಿದ. ಕನ್ನಡದಲ್ಲಿ, ತಗ್ಗಿದ ದನಿಯಲ್ಲಿ.
ಅಷ್ಟರಲ್ಲಿ ಪರದೆಯ ಹುಡುಗಿ
ಯಾವುದೋ ಬಸ್ಸು ಹತ್ತಿಯಾಗಿತ್ತು.

ಸಿನಿಮಾ ಮುಗಿದು ಚಹಾ ಬಂತು.
ಕುರ್ಚಿಗಳಿಗೆ ಸ್ಟೀಲಿನ ಲೋಟ, ಚೀಲಗಳಿಗೆ ಪೇಪರಿನದು.
ಎಷ್ಟೋ ವರ್ಷದ ರೂಢಿ.
ತೊಳೆಯುವವರಿಗೆ ಇನ್ನೂ ತೊಳೆಯುವ ಕೆಲಸ ಯಾಕೆ ಎಂದು
ಔಸೇಪಣ್ಣನೇ ತಂದದ್ದು, ಒಳ್ಳೇ ಮನಸ್ಸಿಂದಲೇ.
ಕರಟವನ್ನಾದರೂ
ಮರುದಿನಕ್ಕೆ ಇಟ್ಟುಕೊಳ್ಳುತ್ತಿದ್ದರು.

ಔಸೇಪಣ್ಣ ನನ್ನ ಕೈಯ ಲೋಟ ನೋಡಿದ.
ಅವನು ನೋಡಿದ್ದನ್ನು ನಾನು ನೋಡಿದೆ.
ಪ್ರೊಜೆಕ್ಟರ್ ಆರಿಸುವುದು ಯಾರಿಗೂ ನೆನಪಾಗಲಿಲ್ಲ;
ಖಾಲಿ ಪಂಚೆಯ ಮೇಲೆ ಬೆಳಕು,
ಬೆಳಕಿನ ನಡುವೆ ಆ ಹೊಲಿಗೆ.

‘ಮುಂದಿನ ವಾರ ಯಾವುದು?’ ಎಂದೆ.
‘ಕಾಮಿಡಿ’ ಎಂದ, ಬೇಗ.